ಎರಡು ಚಂದ್ರರ ಕಡಲಿಗೆ ಭರತ–ಇಳಿತದ ಸಿದ್ಧಾಂತ ಕಟ್ಟಿದ ಬಗೆ: ನನ್ನ ಅನುಭವ

ಕಲ್ಪಿತ ಲೋಕಕ್ಕೆ ವಿಜ್ಞಾನ ಕಟ್ಟುವಾಗ ಹೆಚ್ಚಿನವರು ಒಂದೇ ಪದರ ಕಟ್ಟುತ್ತಾರೆ. ಆ ಲೋಕ ನಡೆಯುವ ನಿಯಮವನ್ನೇ ಅಲ್ಲಿನ ಪಂಡಿತರ ಬಾಯಲ್ಲೂ ಇಡುತ್ತಾರೆ. ಅಂಥ ಸಿದ್ಧಾಂತದ ಜೊತೆ ಯಾರೂ ಜಗಳ ಕಾಯಲಾರರು, ಹಾಗಾಗಿ ಅದಕ್ಕೆ ಜೀವ ಬರುವುದಿಲ್ಲ. ಅಳಿವೆನಾಡು ಎಂಬ ನನ್ನ ಲೋಕಕ್ಕೆ ಎರಡು ಪದರ ಹಾಕಿದ್ದೇನೆ. ಅಡಿಯಲ್ಲಿ ನಿಜವಾದ ಭೌತಶಾಸ್ತ್ರ. ಅದು ನನ್ನ ಟಿಪ್ಪಣಿ ಪುಸ್ತಕ ಬಿಟ್ಟು ಹೊರಗೆ ಬರುವುದಿಲ್ಲ. ಮೇಲೆ, ಅಲ್ಲಿನ ಜನ ಕಣ್ಣಿಗೆ ಕಂಡದ್ದರಿಂದ ಕಟ್ಟಿಕೊಂಡ ವಿವರಣೆ. ಅದು ತಪ್ಪು, ಆದರೂ ಬಹುಪಾಲು ದಿನ ಕೆಲಸಕ್ಕೆ ಬರುತ್ತದೆ.

ನೆಲದ ನಕ್ಷೆಗೆ ಉಡುಪಿಯ ಕೋಡಿಬೆಂಗ್ರೆಯೇ ಸಾಕಾಯಿತು. ಒಂದು ಬದಿ ಕಡಲು, ಇನ್ನೊಂದು ಬದಿ ಸುವರ್ಣಾ ನದಿ, ತುದಿಯಲ್ಲಿ ಅಳಿವೆ. ಒಂದೇ ಭರತ ಮರಳದಂಡೆಯಲ್ಲಿ, ಅಳಿವೆಯಲ್ಲಿ, ನದಿಯೊಳಗೆ ಬೇರೆ ಬೇರೆ ಹೊತ್ತಿಗೆ, ಬೇರೆ ಬೇರೆ ಎತ್ತರಕ್ಕೆ ಏರುತ್ತದೆ. ಪಂಡಿತರು ಭಿನ್ನಮತ ಹೊಂದಲು ಇಷ್ಟು ಜಾಗ ಬೇಕು.

ಮೊದಲು ಅಡಿಯ ಪದರ. ಭರತ ಎಬ್ಬಿಸುವ ಬಲ ಚಂದ್ರನ ರಾಶಿಗೆ ತಕ್ಕಂತೆ ಏರುತ್ತದೆ, ದೂರದ ಘನಕ್ಕೆ ತಕ್ಕಂತೆ ಇಳಿಯುತ್ತದೆ. ಇದರಿಂದ ಒಂದು ಉಪಯುಕ್ತ ಸೂತ್ರ ಸಿಗುತ್ತದೆ: ಎರಡು ಚಂದ್ರರ ಸಾಂದ್ರತೆ ಒಂದೇ ಆಗಿದ್ದು, ಆಕಾಶದಲ್ಲಿ ಒಂದೇ ಗಾತ್ರ ಕಂಡರೆ, ಅವು ಎಬ್ಬಿಸುವ ಭರತವೂ ಒಂದೇ. ಕಾಣುವ ಅಗಲ ಎರಡು ಪಟ್ಟಾದರೆ ಭರತ ಎಂಟು ಪಟ್ಟು. ಆಕಾಶದ ತುಂಬ ದೊಡ್ಡ ಚಂದ್ರನನ್ನು ತೂಗಿಬಿಟ್ಟು ಕೆಳಗೆ ದೋಣಿಗಳನ್ನು ನೆಮ್ಮದಿಯಾಗಿ ಕಟ್ಟಿಹಾಕುವ ಕಥೆಗಳು ಎಡವುವುದು ಇಲ್ಲೇ. ಕೋಡಿಬೆಂಗ್ರೆಯಂಥ ತಗ್ಗು ಮರಳುಪಟ್ಟಿ ಅಂಥ ಲೋಕದಲ್ಲಿ ದಿನಕ್ಕೆರಡು ಬಾರಿ ಮುಳುಗುತ್ತದೆ.

ನಮ್ಮ ಚಂದ್ರನನ್ನು ಹೊರಚಂದ್ರನಾಗಿ ಹಾಗೇ ಉಳಿಸಿಕೊಂಡೆ. ಒಳಚಂದ್ರನಿಗೆ ಅರ್ಧ ವ್ಯಾಸ, ಅರ್ಧ ದೂರ, ಅದೇ ಸಾಂದ್ರತೆ. ದೂರಕ್ಕೂ ಸುತ್ತುವ ಕಾಲಕ್ಕೂ ಇರುವ ನಂಟು ಹೇಳುವ ಕೆಪ್ಲರನ ನಿಯಮದಂತೆ ಅದರ ಸುತ್ತು ಸುಮಾರು 9.7 ದಿನ. ಹೊರಚಂದ್ರನ ಎರಡು ಭರತಗಳ ನಡುವೆ 12 ಗಂಟೆ 25 ನಿಮಿಷ, ಒಳಚಂದ್ರನಿಗೆ 13 ಗಂಟೆ 21 ನಿಮಿಷ. ಇಬ್ಬರೂ ಒಂದೇ ದಿಕ್ಕಿಗೋ ನೇರ ಎದುರುಬದುರೋ ಬರುವುದು ಸುಮಾರು ಏಳೂವರೆ ದಿನಕ್ಕೊಮ್ಮೆ. ಆಗ ಭರತ ಇಮ್ಮಡಿ. ನಡುವೆ, ಇಬ್ಬರೂ ಲಂಬಕೋನದಲ್ಲಿ ನಿಂತ ದಿನ, ಒಬ್ಬನ ಭರತವನ್ನು ಇನ್ನೊಬ್ಬನ ಇಳಿತ ಅಳಿಸಿಬಿಡುತ್ತದೆ. ಉಳಿಯುವುದು ಸೂರ್ಯನ ಭರತ ಮಾತ್ರ. ಅದು ಚಂದ್ರನ ಭರತದ ಅರ್ಧಕ್ಕಿಂತ ಸ್ವಲ್ಪ ಕಡಿಮೆ, ಒಂದೊಂದು ಬಂದರಿನಲ್ಲೂ ಹೆಚ್ಚುಕಡಿಮೆ ಗೊತ್ತಾದ ಹೊತ್ತಿಗೇ ಬರುತ್ತದೆ. ಈ ದಿನಕ್ಕೆ ಅಲ್ಲಿನವರು ‘ಬಿಸಿಲಭರತ’ ಎನ್ನುತ್ತಾರೆ. ಇಡೀ ಕಟ್ಟಡದಲ್ಲಿ ನನಗೆ ಅತಿ ಬೆಲೆಯುಳ್ಳದ್ದು ಈ ದಿನವೇ, ಏಕೆ ಎಂಬುದು ಮುಂದೆ ಬರುತ್ತದೆ.

ಎತ್ತರವನ್ನು ಚಂದ್ರರಿಂದಷ್ಟೇ ಲೆಕ್ಕ ಹಾಕಬಾರದು. ಮಂಗಳೂರಿನಲ್ಲಿ ಹುಣ್ಣಿಮೆ, ಅಮಾವಾಸ್ಯೆಯ ಏರಿಳಿತ ಒಂದು ಮೀಟರಿಗಿಂತ ಸ್ವಲ್ಪ ಹೆಚ್ಚು. ಅದೇ ಚಂದ್ರ, ಅದೇ ಅರಬ್ಬಿ ಸಮುದ್ರ, ಆದರೆ ಖಂಭಾತ್ ಕೊಲ್ಲಿಯಲ್ಲಿ ಹತ್ತು ಮೀಟರಿನಷ್ಟು ಏರುತ್ತದೆ. ಕೊಲ್ಲಿ ಒಳಗೊಳಗೆ ಕಿರಿದಾಗುತ್ತ, ಆಳ ಕಡಿಮೆಯಾಗುತ್ತ ಹೋಗುವುದೇ ಕಾರಣ.

ಈಗ ಮೇಲಿನ ಪದರ. ಅಳಿವೆನಾಡಿನ ಪಂಡಿತರ ಪ್ರಕಾರ ಉಪ್ಪುನೀರಿನಲ್ಲಿ ‘ಊಬು’ ಎಂಬ ಸತ್ವವಿದೆ. ತಿಂಗಳ ಬೆಳಕು ತಾಗಿದರೆ ಅದು ಉಬ್ಬುತ್ತದೆ. ಎರಡು ಚಂದ್ರರೂ ಒಂದೇ ಗಾತ್ರ, ಒಂದೇ ಬೆಳಕು. ಎರಡೂ ಕೂಡಿ ಹೊಳೆದ ರಾತ್ರಿ ಕಡಲು ಎರಡರಷ್ಟು ಏರುತ್ತದೆ. ನಂಬಲು ಇದಕ್ಕಿಂತ ಹೆಚ್ಚೇನು ಬೇಕು? ಕಥೆಯ ಒಂದು ಸಾಲು ಬರೆಯುವ ಮೊದಲೇ ಈ ಸಿದ್ಧಾಂತ ಮುರಿಯುವ ಮೂರು ಜಾಗಗಳನ್ನು ಗುರುತು ಹಾಕಿಟ್ಟೆ. ಒಂದು, ಚಂದ್ರ ಪಾದದಡಿಗೆ ಹೋದಾಗಲೂ ಬರುವ ಎರಡನೇ ಭರತ. ಇದು ನಮ್ಮ ಲೋಕದಲ್ಲೂ ದೊಡ್ಡವರನ್ನು ಕಾಡಿದೆ: 1632ರಲ್ಲಿ ಗೆಲಿಲಿಯೋ ಪ್ರಕಟಿಸಿದ, ಭೂಮಿಯ ಚಲನೆಯನ್ನು ನೆಚ್ಚಿದ ವಿವರಣೆಯಿಂದ ನೇರವಾಗಿ ಸಿಗುವುದು ದಿನಕ್ಕೊಂದೇ ಭರತ, ಎರಡೇಕೆ ಎಂದರೆ ಆತ ಕಡಲಿನ ಉದ್ದ, ಆಳಗಳ ಮೊರೆಹೋಗಬೇಕಾಯಿತು. ಎರಡು, ಬೆಳಕೇ ಇಲ್ಲದ ಅಮಾವಾಸ್ಯೆಯ ದೊಡ್ಡ ಭರತ. ಮೂರು, ಬಿಸಿಲಭರತ. ಎರಡು ಬೆಳಕು ಕೂಡಬಲ್ಲವು, ಆದರೆ ಒಂದನ್ನೊಂದು ಕಳೆಯುವುದು ಹೇಗೆ?

ಮೊದಲೆರಡಕ್ಕೆ ತೇಪೆ ಹಾಕಲು ಬಿಟ್ಟೆ. ಊಬು ನೆಲದೊಳಗಿಂದ ಆಚೆ ಬದಿಗೆ ಒಸರುತ್ತದೆ ಎಂದು ಒಂದು ಗುಂಪು, ಕಾಣದ ಬೆಳಕೂ ಉಂಟು ಎಂದು ಇನ್ನೊಂದು. ತೇಪೆ ಹುಚ್ಚಾಟದಂತೆ ಕಾಣಬಾರದು. ವಸ್ತು ಉರಿದಾಗ ಅದರಿಂದ ಫ್ಲೋಜಿಸ್ಟನ್ ಎಂಬ ಸತ್ವ ಹೊರಬೀಳುತ್ತದೆ ಎಂಬ ಹಳೆಯ ವಾದ ಹಿಡಿದವರಲ್ಲಿ ಕೆಲವರು, ಸುಟ್ಟ ಲೋಹದ ತೂಕ ಹೆಚ್ಚುವುದು ಗೊತ್ತಾದ ಮೇಲೂ, ಆ ಸತ್ವಕ್ಕೆ ಋಣ ತೂಕವಿದೆ ಎಂದಿದ್ದರು, ಅವರು ಬುದ್ಧಿವಂತರೇ. ಮೂರನೆಯದಕ್ಕೆ ಯಾವ ತೇಪೆಯೂ ನಿಲ್ಲದಂತೆ ನೋಡಿಕೊಂಡೆ.

ಅಳತೆಯ ಸಾಧನ ಇಲ್ಲದ ಸಿದ್ಧಾಂತ ಬರೀ ಮಾತು. ನನ್ನ ಪಂಡಿತರು ಭರತ ಅಳೆಯಲು ನೀರಿನಲ್ಲಿ ನೆಡುವ ಕಂಬ ಹೀಗಿದೆ: ಗಂಟು ಕೊರೆದ ದಪ್ಪ ಬಿದಿರು, ಒಳಗೆ ಹತ್ತು ಸೆಂಟಿಮೀಟರ್ ಪೊಳ್ಳು. ತಳ ಮುಚ್ಚಿ ಒಂದು ಸೆಂಟಿಮೀಟರಿನ ತೂತು. ಅಲೆಯ ಕುಣಿತ ಹೊರಗೇ ಉಳಿದು, ನಿಧಾನದ ಏರಿಳಿತ ಮಾತ್ರ ಒಳಗೆ ಬರುತ್ತದೆ. ಒಳಗೊಂದು ಬೆಂಡು, ಅದಕ್ಕೆ ಅಂಗುಲದ ಗುರುತಿನ ಕಡ್ಡಿ. ತೂತಿಗೆ ಪಾಚಿ, ಚಿಪ್ಪು ಕಟ್ಟಿದರೆ ಭರತ ತಗ್ಗಾಗಿಯೂ ತಡವಾಗಿಯೂ ಕಾಣುತ್ತದೆ. ಕಂಬ ಮರಳಿನಲ್ಲಿ ಕುಸಿದರೆ ಕಡಲೇ ಏರಿದಂತೆ ತೋರುತ್ತದೆ. ಆದ್ದರಿಂದ ಮೂಲಗುರುತು ದಂಡೆಯ ಮುರಕಲ್ಲಿನ ಮೇಲಿರಬೇಕು. ಹೊತ್ತು ಅಳೆಯಲು, ನೀರಿನ ಮೇಲೆ ತೇಲಿಬಿಡುವ ತಳ ತೂತಿನ ಗಳಿಗೆ ಬಟ್ಟಲು: ಒಂದು ಮುಳುಗಿಗೆ 24 ನಿಮಿಷ. ಹೊರಚಂದ್ರನ ಭರತ ಸುಮಾರು 31 ಗಳಿಗೆಗೊಮ್ಮೆ, ಒಳಚಂದ್ರನದು 33 ದಾಟಿ. ಬಟ್ಟಲ ತೂತಿಗೆ ಉಪ್ಪು ಕಟ್ಟಿದರೆ ಗಳಿಗೆ ಉದ್ದವಾಗಿ ಈ ಅಂತರವೇ ಮಾಯ.

ಭರತದ ತುದಿಯಲ್ಲಿ ನೀರು ಬಹಳ ಹೊತ್ತು ನಿಂತಂತಿರುವುದರಿಂದ ತುದಿಯ ಕ್ಷಣ ಹಿಡಿಯುವುದು ಕಷ್ಟ. ನನ್ನ ಪಂಡಿತರು ನೀರು ಏರುತ್ತ ಒಂದು ಗುರುತು ಮುಟ್ಟಿದ ಹೊತ್ತು, ಇಳಿಯುತ್ತ ಅದೇ ಗುರುತು ಮುಟ್ಟಿದ ಹೊತ್ತು ಬರೆದು ನಡುವಿನದನ್ನು ತೆಗೆಯುತ್ತಾರೆ. ಅಳಿವೆಯ ಹೊರಗೆ ಇದು ಚೆನ್ನ. ನದಿಯೊಳಗೆ ಭರತ ಬೇಗ ಏರಿ ನಿಧಾನ ಇಳಿಯುವುದರಿಂದ ಉತ್ತರ ತಡವಾಗಿ ಬರುತ್ತದೆ. ನದಿಯೊಳಗೆ ಅಳೆಯುವ ಮಠದ ಪಂಡಿತರಿಗೂ ಕಡಲಲ್ಲಿ ಅಳೆಯುವ ಮಠದವರಿಗೂ ಲೆಕ್ಕ ಕೂಡದಿರುವುದು ಇದರಿಂದಲೇ. ಆಟಿ ತಿಂಗಳ ಮಳೆಗೆ ನದಿ ತುಂಬಿ ಬಂದಾಗ ಒಳಗಿನ ಕಂಬ ಕಡಲ ಸುದ್ದಿಗಿಂತ ಹೆಚ್ಚಾಗಿ ಘಟ್ಟದ ಮಳೆಯ ಸುದ್ದಿ ಹೇಳುತ್ತದೆ. ಗಾಳಿಯ ಒತ್ತಡ ಒಂದು ಮಿಲಿಬಾರ್ ಇಳಿದರೆ ಕಡಲು ಸುಮಾರು ಒಂದು ಸೆಂಟಿಮೀಟರ್ ಏರುವುದನ್ನೂ ಸೇರಿಸಿಕೊಳ್ಳಿ.

ಬಿಸಿಲಭರತ ಊಬನ್ನು ಕೆಡವಿದ ಮೇಲೂ ಹೊಸ ಸಿದ್ಧಾಂತವನ್ನು ಕೂಡಲೇ ಗೆಲ್ಲಿಸಬೇಡಿ. 1543ರಲ್ಲಿ ಬಂದ, ಸೂರ್ಯನನ್ನು ನಡುವೆ ಇಟ್ಟ ಕೋಪರ್ನಿಕಸನ ಲೆಕ್ಕ ನಿಖರತೆಯಲ್ಲಿ ಭೂಮಿಯನ್ನು ನಡುವೆ ಇಟ್ಟ ಟಾಲೆಮಿಯ ಲೆಕ್ಕಕ್ಕಿಂತ ಹೇಳಿಕೊಳ್ಳುವಷ್ಟು ಮುಂದಿರಲಿಲ್ಲ. ನನ್ನ ಲೋಕದಲ್ಲೂ ಚಂದ್ರರು ನೀರನ್ನು ಸೆಳೆಯುತ್ತಾರೆ ಎನ್ನುವ ಹೊಸ ‘ಸೆಳೆತ’ದವರ ಮೊದಲ ಭರತ ಪಂಚಾಂಗ ಹಳೆಯದಕ್ಕಿಂತ ಎರಡು ಗಳಿಗೆ ಹೆಚ್ಚು ತಪ್ಪುತ್ತದೆ, ಏಕೆಂದರೆ ಬಂದರಿಗೊಂದರಂತೆ ಬೇಕಾದ ತಡದ ತಿದ್ದುಪಡಿ ಅದರಲ್ಲಿಲ್ಲ, ಊಬಿನವರ ಪಂಚಾಂಗದಲ್ಲಿ ಅದು ತಲೆಮಾರುಗಳಿಂದ ಸೇರಿಹೋಗಿದೆ. ಮೀನುಗಾರರು ಆ ವರ್ಷವೂ ಹಳೆಯ ಪಂಚಾಂಗವನ್ನೇ ಕೊಳ್ಳುತ್ತಾರೆ.