ಮಾನನಷ್ಟದ ನೋಟಿಸ್ ಬಂದರೆ ಮೊದಲ ತಾರೀಖು ತಪ್ಪಿಸಬೇಡಿ

ಬೆಟಗೇರಿಯಲ್ಲಿ ನನ್ನದೊಂದು ಹಿಟ್ಟಿನ ಗಿರಣಿ ಇದೆ. ನಮ್ಮ ಓಣಿಗೆ ಹೊಸ ಗಟಾರ ಕಟ್ಟಿದರು. ಮೂರೇ ತಿಂಗಳಲ್ಲಿ ಅದರ ಗೋಡೆ ಕುಸಿದು, ಕೊಳೆ ನೀರು ಗಿರಣಿ ಮೆಟ್ಟಿಲಿಗೆ ಬಂತು. ಫೋಟೊ ತೆಗೆದು, 'ಕಾಮಗಾರಿ ಕಳಪೆ, ಬಿಲ್ ಕೊಡುವ ಮುಂಚೆ ಪರೀಕ್ಷೆ ಮಾಡಿ' ಅಂತ ನಗರಸಭೆಗೆ ಅರ್ಜಿ ಕೊಟ್ಟೆ. ಅಷ್ಟಕ್ಕೇ ಗುತ್ತಿಗೆದಾರರು ನನ್ನ ಮೇಲೆ ಮಾನನಷ್ಟದ ಖಾಸಗಿ ದೂರು ಹಾಕಿದರು. ಅದು ಈಗ ವಜಾ ಆಗಿದೆ. ಆದರೆ ನೋಟಿಸ್ ಬಂದ ದಿನ ನಮ್ಮವ್ವ ಪೊಲೀಸರು ಬರುತ್ತಾರೆ ಅಂತ ಅತ್ತಿದ್ದು ಮರೆಯೋಕಾಗಲ್ಲ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ಪೊಲೀಸರು ಬರುವುದಿಲ್ಲ. ಮಾನನಷ್ಟಕ್ಕೆ ಎಫ್‌ಐಆರ್ ಇಲ್ಲ, ಮನನೊಂದವರೇ ಮ್ಯಾಜಿಸ್ಟ್ರೇಟ್ ಮುಂದೆ ದೂರು ಕೊಡಬೇಕು. ಜಾಮೀನು ಸಿಗುವ ಅಪರಾಧ ಇದು. ಶಿಕ್ಷೆ ಜಾಸ್ತಿ ಅಂದರೆ 2 ವರ್ಷ ಸಾದಾ ಜೈಲು.

ಕೈಗೆ ಬಂದ ಕಾಗದ ನೋಟಿಸೋ ಸಮನ್ಸೋ ನೋಡಿಕೊಳ್ಳಿ. ಎಲ್ಲ ಇದರ ಮೇಲೇ ನಿಂತಿದೆ. ನೋಟಿಸ್ ಅಂದರೆ ಕೋರ್ಟ್ ದೂರನ್ನು ಇನ್ನೂ ಕೈಗೆತ್ತಿಕೊಂಡಿಲ್ಲ, ಸಮನ್ಸ್ ಅಂದರೆ ಕೈಗೆತ್ತಿಕೊಂಡು ಆರೋಪಿ ಅಂತ ಕರೆದಿದೆ. 2024ರ ಜುಲೈ 1ರಿಂದ ಹಳೆಯ ಸಿಆರ್‌ಪಿಸಿ ಬದಲಿಗೆ ಜಾರಿಯಾದ ನಾಗರಿಕ ಸುರಕ್ಷಾ ಸಂಹಿತೆಯ 223ನೇ ಸೆಕ್ಷನ್ ಪ್ರಕಾರ, ಖಾಸಗಿ ದೂರನ್ನು ಕೋರ್ಟ್ ಕೈಗೆತ್ತಿಕೊಳ್ಳುವ ಮುಂಚೆಯೇ ನಿಮ್ಮ ಮಾತು ಕೇಳಬೇಕು. ಮೊದಲು ಈ ಅವಕಾಶ ಇರಲಿಲ್ಲ. ಬಸನಗೌಡ ಪಾಟೀಲ ಯತ್ನಾಳರ ಮೇಲೆ ಶಿವಾನಂದ ಪಾಟೀಲರು ಹಾಕಿದ್ದ ಮಾನನಷ್ಟದ ಕೇಸಿನಲ್ಲೇ ನಮ್ಮ ಹೈಕೋರ್ಟ್ 2024ರಲ್ಲಿ ಇದರ ಕ್ರಮ ಹೇಳಿತು: ಮೊದಲು ದೂರುದಾರರ ಪ್ರಮಾಣ ಹೇಳಿಕೆ, ಆಮೇಲೆ ನೋಟಿಸ್. ದೂರಿನ ಜೊತೆ ಆ ಹೇಳಿಕೆಯ ಪ್ರತಿಯೂ ನಿಮಗೆ ಸಿಗಬೇಕು. ನನಗೆ ದೂರಿನ ಪ್ರತಿ ಮಾತ್ರ ಬಂದಿತ್ತು, ವಕೀಲರು ಕೇಳಿದ ಮೇಲೆ ಉಳಿದದ್ದು ಸಿಕ್ಕಿತು.

ನೋಟಿಸಿನ ತಾರೀಖಿಗೆ ಹೋಗದೆ ಸಮನ್ಸ್ ಹೊರಟಿತೋ, ಅದನ್ನು ಅದೇ ಮ್ಯಾಜಿಸ್ಟ್ರೇಟ್ ವಾಪಸ್ ಪಡೆಯುವಂತಿಲ್ಲ. ಸುಪ್ರೀಂ ಕೋರ್ಟ್ 2004ರಲ್ಲೇ ಹಾಗೆ ಹೇಳಿದೆ. ಆಮೇಲೆ ಸೆಷನ್ಸ್ ಕೋರ್ಟಿಗೋ ಧಾರವಾಡದ ಹೈಕೋರ್ಟ್ ಪೀಠಕ್ಕೋ ಅಲೆಯಬೇಕು. ಗಿರಣಿ ಬಾಗಿಲು ಹಾಕಿ ಎಷ್ಟು ದಿನ ಅಂತ ಹೋಗೋದು?

ವಕೀಲರಿಗೆ ದುಡ್ಡಿಲ್ಲ ಅಂತ ಸುಮ್ನೆ ಕೂಡಬೇಡಿ. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ, ಇಲ್ಲವೇ 15100ಕ್ಕೆ ಫೋನ್ ಮಾಡಿ. ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇದ್ದರೂ ವಕೀಲರು ಉಚಿತ.

ನನ್ನ ವಕೀಲರು ಕೇಳಿದ ಮೊದಲ ಪ್ರಶ್ನೆ, 'ಅಕ್ಕಾರ, ಇದನ್ನ ಓಣಿಯ ವಾಟ್ಸ್ಆ್ಯಪ್ ಗ್ರೂಪಿಗೆ ಹಾಕಿದ್ದೀರಾ?' ಹಾಕಿರಲಿಲ್ಲ. ಸಿಟ್ಟಿನಲ್ಲಿ 'ಕಳ್ಳ' ಅಂತ ಬರೆದು, ಮಗಳು ಬೇಡ ಅಂದಳು ಅಂತ ಅಳಿಸಿದ್ದೆ. ಅದೇ ನನ್ನನ್ನು ಉಳಿಸಿತು. ಅಧಿಕಾರ ಇರುವವರಿಗೆ ಒಳ್ಳೆಯ ಉದ್ದೇಶದಿಂದ ಕೊಟ್ಟ ದೂರು ಮಾನನಷ್ಟ ಅಲ್ಲ. ಹಳೆಯ ಐಪಿಸಿಯ 499ನೇ ಸೆಕ್ಷನ್‌ನಲ್ಲಿದ್ದ ಎಂಟನೇ ವಿನಾಯಿತಿ ಇದು, ಈಗ ಐಪಿಸಿ ಬದಲಿಗೆ ಬಂದ ನ್ಯಾಯ ಸಂಹಿತೆಯ 356ರಲ್ಲಿದೆ. ಸಹೋದ್ಯೋಗಿಯ ಬಗ್ಗೆ ಮೇಲಧಿಕಾರಿಗೆ ದೂರು ಬರೆದವರ ಮೇಲಿನ ಕೇಸನ್ನು ಸುಪ್ರೀಂ ಕೋರ್ಟ್ 1999ರಲ್ಲಿ ಇದೇ ಕಾರಣಕ್ಕೆ ರದ್ದು ಮಾಡಿದೆ. ಊರಿಗೆಲ್ಲ ಹಂಚಿದರೆ ಮಾತು ಬೇರೆ. ನಿಜ ಅಂದರೆ ಸಾಲದು, ಹೇಳಿದ್ದು ಸಾರ್ವಜನಿಕರ ಒಳಿತಿಗೆ ಅಂತಲೂ ತೋರಿಸಬೇಕು.

ಹಾಗಾಗಿ ಅರ್ಜಿ ಕೊಡುವಾಗಲೇ ಸೀಲು, ಆವಕ ನಂಬರ್ ಇರುವ ಪ್ರತಿ ಇಸಿದುಕೊಳ್ಳಿ. ನಾನು ಆ ಪ್ರತಿ, ಕುಸಿದ ಗೋಡೆಯ ಫೋಟೊ, ಅಕ್ಕಪಕ್ಕದವರ ಸಹಿ ಇಷ್ಟನ್ನೇ ಕೊಟ್ಟೆ. ದೂರಿನ ತಾರೀಖನ್ನೂ ನೋಡಿ, ಮಾತು ಆಡಿ 3 ವರ್ಷ ದಾಟಿದ್ದರೆ ದೂರಿನ ಅವಧಿ ಮೀರಿರಬಹುದು, ವಕೀಲರಿಗೆ ಹೇಳಿ.

ನಡುವೆ ಒಬ್ಬರು ಬಂದು, ಕ್ಷಮಾಪಣೆ ಬರೆದುಕೊಟ್ಟರೆ ಕೇಸ್ ವಾಪಸ್ ತೆಗೆಸುತ್ತೇನೆ ಅಂದರು. ಹೆದರಿಕೆಯಲ್ಲಿ ಒಪ್ಪುವವಳಿದ್ದೆ. ವಕೀಲರು ಬಿಡಲಿಲ್ಲ. ತಪ್ಪು ಮಾಡದವರು ಸಹಿ ಹಾಕಿದರೆ ಆ ಕಾಗದವೇ ತಪ್ಪೊಪ್ಪಿಗೆ ಆಗುತ್ತದೆ.

ಎರಡನೇ ತಾರೀಖಿಗೆ ಸಾಹೇಬರು ದೂರು ವಜಾ ಮಾಡಿದರು. ಸುರಕ್ಷಾ ಸಂಹಿತೆಯ 226ರ ಪ್ರಕಾರ ಕಾರಣ ಬರೆಯಬೇಕು, ಬರೆದಿದ್ದರು. ಆ ಆದೇಶದ ದೃಢೀಕೃತ ಪ್ರತಿಗೆ ಅವತ್ತೇ ಅರ್ಜಿ ಹಾಕಿ. ಮೇಲಿನ ಕೋರ್ಟಿಗೆ ಹೋಗಲು ದೂರುದಾರರಿಗೆ 90 ದಿನ ಇರುತ್ತದೆ. ಆ ದಿನಗಳು ಕಳೆಯುವ ತನಕ ನನ್ನ ಫೈಲು ಗಿರಣಿಯಲ್ಲಿ ಹಿಟ್ಟಿನ ಧೂಳು ತಾಗದ ಹಾಗೆ ಪ್ಲಾಸ್ಟಿಕ್ ಚೀಲದೊಳಗೇ ಇತ್ತು.