ವಲಸೆ ಬಂದವರ ಕುರಿತ ಮೊದಲ ಸಾಕ್ಷ್ಯಚಿತ್ರ: ಮಾತನ್ನು ಸೆರೆಹಿಡಿಯುವ ಬಗೆ

ವಲಸೆಯ ಬಗ್ಗೆ ಮೊದಲ ಚಿತ್ರ ಮಾಡುವವರು ಕ್ಯಾಮೆರಾಗೆ ಹಣ ಸುರಿದು ಮೈಕಿನ ವಿಷಯದಲ್ಲಿ ಜಿಪುಣರಾಗುತ್ತಾರೆ. ಆಗಬೇಕಾದ್ದು ಇದರ ತಿರುವುಮುರುವು. ವಲಸೆ ಬಂದವರದು ಮಕ್ಕಳೊಡನೆ ಒಂದು ಭಾಷೆ, ಫೋನಿನಲ್ಲಿ ತಾಯಿಯೊಡನೆ ಇನ್ನೊಂದು, ಸಿಟ್ಟು ಬಂದಾಗ ಎರಡೂ ಕಲಸಿ ಮತ್ತೊಂದು: ತಾನು ಎಲ್ಲಿಯವನು ಎಂಬ ಪ್ರಶ್ನೆಯೆಲ್ಲ ಈ ಜಿಗಿತಗಳಲ್ಲೇ ಇದೆ, ಅವನ್ನು ಹಿಡಿಯುವುದು ಮೈಕು.

ಹತ್ತು ನಿಮಿಷದ ಚಿತ್ರಕ್ಕೆ ಒಬ್ಬ ವ್ಯಕ್ತಿ ಸಾಕು. ಮೊದಲ ಎರಡು ಭೇಟಿಗೆ ಕ್ಯಾಮೆರಾ ಒಯ್ಯಬೇಡಿ.

ಒಪ್ಪಿಗೆಯನ್ನು ಅವರ ಭಾಷೆಯಲ್ಲೇ, ಬರಹದಲ್ಲೂ ಧ್ವನಿಯಲ್ಲೂ ಪಡೆಯಿರಿ. ಚಿತ್ರ ಎಲ್ಲೆಲ್ಲಿ ತೋರಿಸಲ್ಪಡುತ್ತದೆ, ಯಾವ ಹಂತದವರೆಗೆ ಹಿಂದೆ ಸರಿಯಬಹುದು ಎಂಬುದು ಅದರಲ್ಲಿರಲಿ. ವಾಸದ ಪರವಾನಗಿ ಇನ್ನೂ ಕೈಗೆ ಬಾರದವರಾದರೆ ಮುಖ ಮಸುಕು ಮಾಡಿದರಷ್ಟೇ ಸಾಲದು. ದನಿ, ಬಾಗಿಲ ನಂಬರು, ಮಗುವಿನ ಶಾಲಾ ಸಮವಸ್ತ್ರ ಎಲ್ಲವೂ ಗುರುತು ಹೇಳುತ್ತವೆ. ಅಂಥವರನ್ನು ಬೆನ್ನ ಹಿಂದಿನಿಂದ ಅಥವಾ ಕೈಗಳನ್ನಷ್ಟೇ ಚಿತ್ರಿಸಿ. ಮುಖವಿರುವ ಮೂಲ ಫೈಲೇ ಇಲ್ಲದಿದ್ದರೆ ಮುಖ ಸೋರಿಕೆಯಾಗುವ ಭಯವೂ ಇಲ್ಲ. ಫೋನಿನಲ್ಲಿ ಚಿತ್ರಿಸುವಾಗ ಲೊಕೇಶನ್ ಆಫ್ ಮಾಡಿ.

ಕಾಲರ್ ಮೈಕನ್ನು ಗದ್ದದಿಂದ 15–20 ಸೆಂಟಿಮೀಟರ್ ಕೆಳಗೆ ಸಿಕ್ಕಿಸಿ. ರೆಕಾರ್ಡರಿನ ಸೆಟ್ಟಿಂಗನ್ನು 48 ಕಿಲೋಹರ್ಟ್ಸ್, 24 ಬಿಟ್‌ಗೆ ಇಟ್ಟು ದಾಖಲಿಸಿ; ಅದರ ಮೀಟರಿನಲ್ಲಿ ಮಾತಿನ ಏರು ಮೈನಸ್ 12 ಡೆಸಿಬೆಲ್ ಸುತ್ತ ನಿಲ್ಲಲಿ. ಫ್ಯಾನು, ಫ್ರಿಜ್ಜು ಆರಿಸಿ. ನಿಮ್ಮ ಕೀಲಿಕೈಯನ್ನು ಫ್ರಿಜ್ಜಿನೊಳಗೇ ಇಟ್ಟರೆ ಹೊರಡುವಾಗ ಅದನ್ನು ಮತ್ತೆ ಹಚ್ಚುವುದು ಮರೆಯುವುದಿಲ್ಲ. ಕೊನೆಗೆ ಎಲ್ಲರೂ ಸುಮ್ಮನಿದ್ದು 60 ಸೆಕೆಂಡು ಕೋಣೆಯ ಸದ್ದನ್ನಷ್ಟೇ ಹಿಡಿಯಿರಿ. ಅದಿಲ್ಲದಿದ್ದರೆ ಸಂಕಲನದಲ್ಲಿ ಮಾತು ಕತ್ತರಿಸಿದ ಕಡೆಯೆಲ್ಲ ಗುಂಡಿ ಬಿದ್ದಂತೆ ಕೇಳಿಸುತ್ತದೆ.

ಮನೆಯ ಮಕ್ಕಳನ್ನು ದುಭಾಷಿಯಾಗಿ ಬಳಸಲೇಬೇಡಿ. ಅಪ್ಪ ಅಮ್ಮ ಮಕ್ಕಳ ಮುಂದೆ ಸಾಲ, ಅವಮಾನ, ಭಯದ ಮಾತೆತ್ತುವುದಿಲ್ಲ. ಎತ್ತಿದರೂ ಮಕ್ಕಳು ಅದನ್ನು ತೇಲಿಸಿ ಹೇಳುತ್ತಾರೆ. ಹೊರಗಿನ ದುಭಾಷಿಯೂ ವಾಕ್ಯಕ್ಕೊಮ್ಮೆ ತಡೆಯಬಾರದು, ಉತ್ತರ ಮುಗಿಯುವವರೆಗೆ ಕಾಯಬೇಕು. ‘ನಿಮಗೆ ಈಗ ಯಾವುದು ಸ್ವಂತ ಊರು?’ ಎಂದು ನೇರವಾಗಿ ಕೇಳಿದರೆ ಸಿಗುವುದು ಬಾಯಿಪಾಠದ ಉತ್ತರ. ‘ಬಂದ ಮೊದಲ ವಾರ ರಾತ್ರಿ ಎಲ್ಲಿ ಮಲಗಿದಿರಿ?’ ಎಂದು ಕೇಳಿ ನೋಡಿ.

ದೃಶ್ಯಗಳಿಗೆ ಸೂಟ್‌ಕೇಸು, ವಿಮಾನ ನಿಲ್ದಾಣ, ಕಿಟಕಿಯಾಚೆ ನೋಡುವ ಕಣ್ಣು ಬೇಡ. ಅವು ಯಾರ ಬದುಕಿಗಾದರೂ ಅಂಟುತ್ತವೆ. ಅರ್ಜಿ ತುಂಬುವುದು, ಫೋನಿನಲ್ಲಿ ತನ್ನ ಹೆಸರಿನ ಅಕ್ಷರಗಳನ್ನು ಒಂದೊಂದಾಗಿ ಹೇಳುವುದು ಇಂಥ ಕೆಲಸಗಳನ್ನು ಪೂರ್ತಿ ಚಿತ್ರಿಸಿ. ಸೆಕೆಂಡಿಗೆ 25 ಫ್ರೇಮಿನಲ್ಲಿ ಚಿತ್ರಿಸುವಾಗ ಷಟರ್ ವೇಗ 1/50 ಸೆಕೆಂಡು ಇರಲಿ. ವಿದ್ಯುತ್ 60 ಹರ್ಟ್ಸ್ ಇರುವ ಕಡೆ ದೀಪ ಮಿನುಗಿದರೆ 1/60ಕ್ಕೆ ಬದಲಿಸಿ.

ಸಬ್‌ಟೈಟಲ್ ಎರಡು ಸಾಲು ಮೀರದಿರಲಿ, ಒಂದು ಸೆಕೆಂಡಿಗಿಂತ ಬೇಗ ಮಾಯವಾಗದಿರಲಿ. ಭಾಷೆ ಬದಲಾದದ್ದು ಅಪರಿಚಿತ ಕಿವಿಗೆ ತಿಳಿಯುವುದಿಲ್ಲ. ಎರಡನೆಯ ಭಾಷೆಗೆ ಬೇರೆ ಬಣ್ಣ ಕೊಡಿ, ಕೊನೆಯವರೆಗೂ ಅದನ್ನೇ ಪಾಲಿಸಿ.

ಸಂಗೀತ ಸೇರಿಸುವ ಮುನ್ನ ಕರಡು ಸಂಕಲನವನ್ನು ಆ ವ್ಯಕ್ತಿಯ ಜೊತೆ ಕೂತು ನೋಡಿ, ಒಪ್ಪಿಗೆಯನ್ನು ಮತ್ತೊಮ್ಮೆ ಕೇಳಿ. ಊರಲ್ಲಿ ಉಳಿದವರ ಬಗ್ಗೆ ಆಡಿದ ಮಾತುಗಳ ಹತ್ತಿರ ವಿಶೇಷವಾಗಿ ನಿಲ್ಲಿಸಿ ಕೇಳಿ. ತೆಗೆಯಿರಿ ಎಂದರೆ ತೆಗೆಯಿರಿ.