ಹಳ್ಳಿಯ ಕಾದಂಬರಿಯನ್ನು ದುಡಿಮೆಯ ಕಡೆಯಿಂದ ಓದುವ ಕ್ರಮ

ಹಾಸನ ಸೀಮೆಯ ಹಳ್ಳಿಯನ್ನು ಕಾದಂಬರಿಯಲ್ಲಿ ಕಾಣಬಯಸುವವರು ಹೊಳೆ, ತೋಪು, ಜಾತ್ರೆಗಳ ವರ್ಣನೆಗೆ ಮನಸೋಲುವ ಮೊದಲು, ಆ ಊರಿನಲ್ಲಿ ಯಾರು ಯಾವ ಕೆಲಸ ಮಾಡುತ್ತಾರೆ, ಅದರಿಂದ ಅವರ ಒಲೆ ಉರಿಯುತ್ತದೆಯೇ ಎಂಬುದನ್ನು ಒಂದು ನೋಟ್‌ಬುಕ್ಕಿನಲ್ಲಿ ಗುರುತು ಹಾಕಿಕೊಳ್ಳುತ್ತ ಓದಬೇಕು.

ಮೊದಲು ಎಸ್. ಎಲ್. ಭೈರಪ್ಪನವರ ‘ಗೃಹಭಂಗ’ವನ್ನು (1970) ಕೈಗೆತ್ತಿಕೊಳ್ಳಿ. ಭೈರಪ್ಪನವರು ಚನ್ನರಾಯಪಟ್ಟಣ ತಾಲ್ಲೂಕಿನ ಸಂತೇಶಿವರದವರು. ಕಾದಂಬರಿಯಲ್ಲಿ ಶಾನುಭೋಗಿಕೆ, ಅಂದರೆ ಊರಿನ ಕಂದಾಯದ ಲೆಕ್ಕ ಇಡುವ ಅಧಿಕಾರ, ಗಂಡನದಾದರೂ ಲೆಕ್ಕ ಬರೆಯುವವಳು ನಾಯಕಿ ನಂಜಮ್ಮ. ಈ ಒಂದು ಸಂಗತಿಯನ್ನು ಹಿಡಿದು ಓದಿದರೆ ಇಡೀ ಊರಿನ ಅಧಿಕಾರ ಯಾರ ಹೆಸರಿನಲ್ಲಿದೆ, ಯಾರ ಬೆನ್ನ ಮೇಲಿದೆ ಎಂಬುದು ಬಿಡಿಬಿಡಿಯಾಗಿ ತಿಳಿಯುತ್ತದೆ. ವಂಶಪಾರಂಪರ್ಯದ ಗ್ರಾಮಾಧಿಕಾರವನ್ನು 1961ರ ಕಾಯ್ದೆ ರದ್ದುಗೊಳಿಸಿದ್ದರಿಂದ ಇಂದಿನ ಓದುಗರಿಗೆ ಶಾನುಭೋಗ, ಪಟೇಲ, ಜಮಾಬಂದಿ ಎಂಬ ಮಾತುಗಳು ಮಸುಕಾಗಿವೆ. ನಿಘಂಟಿಗಿಂತ ಮೊದಲು ಮನೆಯ ಹಿರಿಯರನ್ನು ಕೇಳಿ; ಅವರು ಅರ್ಥದ ಜೊತೆಗೆ ಆ ಕಾಲದ ಭಯವನ್ನೂ ಹೇಳುತ್ತಾರೆ.

ನಂಜಮ್ಮ ಊಟಕ್ಕೆ ಬಳಸುವ ಮುತ್ತುಗದ ಎಲೆ ಹಚ್ಚುವ ಪುಟಗಳಲ್ಲಿ ನಿಲ್ಲಿ. ನಮ್ಮಜ್ಜಿ ಅದೇ ಕೆಲಸ ಮಾಡುತ್ತಿದ್ದರು: ಒಣಗಿದ ಎಲೆಗೆ ನೀರು ಚಿಮುಕಿಸಿ, ಮೇಲೆ ಕಲ್ಲು ಹೇರಿ, ಮೆತ್ತಗಾದ ಮೇಲೆ ಒಂದರ ಅಂಚಿಗೆ ಇನ್ನೊಂದನ್ನು ಸೇರಿಸಿ ಕಡ್ಡಿ ಚುಚ್ಚುವಾಗ ಅವರ ಹೆಬ್ಬೆರಳು ಬಿರಿದಿರುತ್ತಿತ್ತು. ಆ ಬೆರಳನ್ನು ಕಂಡಿದ್ದ ನನಗೆ, ಪ್ಲೇಗು ಆ ಮನೆಯ ಮಕ್ಕಳನ್ನು ಒಯ್ಯುವ ಭಾಗವನ್ನು ಒಂದೇ ಉಸಿರಿಗೆ ಓದಲಾಗಲಿಲ್ಲ.

ಆಮೇಲೆ ಗೊರೂರು ರಾಮಸ್ವಾಮಿ ಅಯ್ಯಂಗಾರರ ಪ್ರಬಂಧಗಳಿಗೆ ಬನ್ನಿ. ಹೇಮಾವತಿಯ ದಡದ ಅವರ ಜನ ನಗಿಸುತ್ತಾರೆ. ಆ ನಗೆ ಯಾರ ಕಷ್ಟದ ಮೇಲೂ ನಿಂತಿಲ್ಲ ಎಂಬುದೇ ಅದರ ಹಿರಿಮೆಯೆಂದು ನಾನು ತಿಳಿದಿದ್ದೇನೆ.

ಬಯಲುಸೀಮೆಯಿಂದ ಘಟ್ಟದ ಕಡೆ ಹತ್ತಿದರೆ ಮೂಡಿಗೆರೆಯ ಪೂರ್ಣಚಂದ್ರ ತೇಜಸ್ವಿ ಸಿಗುತ್ತಾರೆ. ‘ಕರ್ವಾಲೊ’ದಲ್ಲಿ (1980) ಊರಿನವರು ಲೆಕ್ಕಕ್ಕಿಡದ ಮಂದಣ್ಣನ ತಿಳಿವನ್ನು ವಿಜ್ಞಾನಿಯೇ ನೆಚ್ಚುತ್ತಾನೆ. ನಂಜಮ್ಮನ ಲೆಕ್ಕದ ಪುಸ್ತಕದ ಪಕ್ಕದಲ್ಲೇ ಮಂದಣ್ಣನ ಕಾಡಿನ ಅರಿವನ್ನೂ ಬರೆದುಕೊಳ್ಳಿ. ಬಳಿಕ ನಿಮ್ಮ ಊರಿನಲ್ಲಿ ಯಾವ ಪುಸ್ತಕಕ್ಕೂ ಬಾರದ ಕೆಲಸಗಳಿಗಾಗಿ ಕೊನೆಯ ನಾಲ್ಕು ಹಾಳೆ ಖಾಲಿ ಬಿಡಿ.